ಹರಿವಾಣದಮ್ಮನನ್ನು ಕೂರಿಸಿದ್ದು

ಇಂಗ್ಲಿಷರ ಕೊಲೆ ಧಾರಾವಾಹಿ ನೋಡುವಾಗ ಕೊಲೆಗಾರ ಯಾರೆಂದು ನಾನು ತಲೆ ಕೆಡಿಸಿಕೊಳ್ಳುವುದಿಲ್ಲ. ಅದಕ್ಕೆಂದೇ ಅವರು ಸಂಬಳ ಕೊಟ್ಟು ಒಬ್ಬ ಇನ್‌ಸ್ಪೆಕ್ಟರನನ್ನು ಇಟ್ಟುಕೊಂಡಿದ್ದಾರೆ. ಆತ ಕೊನೆಗೆ ಎಲ್ಲರನ್ನೂ ದಿವಾನಖಾನೆಯಲ್ಲಿ ಸೇರಿಸಿ, ಬೆಂಕಿಗೂಡಿಗೆ ಬೆನ್ನು ಕೊಟ್ಟು ನಿಂತು, ಹೇಳಿಯೇ ಹೇಳುತ್ತಾನೆ. ನನ್ನ ಕಣ್ಣಿರುವುದು ಬಾಗಿಲ ಮೇಲೆ. ಆ ಬಾಗಿಲನ್ನು ಮೊಣಕೈಯಿಂದ ತಳ್ಳಿಕೊಂಡು, ಟ್ರೇ ಹಿಡಿದು ಚಹಾ ತರುವವರು ಯಾರು? ಅವಳೇನಾ? ಅವಳೇ ಆಗಿಬಿಟ್ಟರೆ ನಾನು ಸೋಫಾದಿಂದ ಎದ್ದು ಚಪ್ಪಾಳೆ ಹೊಡೆಯುತ್ತೇನೆ. ಅಷ್ಟರಲ್ಲಿ ಯಾರೋ ಕೊಲೆಯಾಗಿರುತ್ತಾರೆ, ನನಗೆ ಗೊತ್ತೇ ಆಗಿರುವುದಿಲ್ಲ.

ಈ ಚಟ ಅಂಟಿಸಿದವರು ನಮ್ಮತ್ತೆ. ಲಂಡನ್ ಒಲಿಂಪಿಕ್ಸ್ ಮುಗಿದು ಒಂದೆರಡು ವರ್ಷವಾಗಿತ್ತು. ಕುಂದಾಪುರದ ಕಡೆಯ ನಮ್ಮತ್ತೆ ವನಜಮ್ಮ ಆರು ತಿಂಗಳ ವೀಸಾದ ಮೇಲೆ ಲಂಡನ್ನಿನ ಗ್ರೀನ್‌ಫರ್ಡಿನ ನಮ್ಮ ಮನೆಗೆ ಬಂದಿಳಿದರು. ನಾನು ಮೈಸೂರಿನವಳು. ನಮ್ಮ ಮನೆಯಲ್ಲಿ ಮಾತು ಎಂದರೆ ಪೀಠಿಕೆ, ಉಪಸಂಹಾರ ಎಲ್ಲ ಇರುವ ವಸ್ತು. ಅತ್ತೆಯದು ಹಾಗಲ್ಲ, ತೆಂಗಿನಕಾಯಿ ಒಡೆದ ಹಾಗೆ, ಒಂದೇ ಏಟು. ಬಂದ ಮರುದಿನವೇ ಅವರು ಟಿವಿ ರಿಮೋಟನ್ನು ವಶಪಡಿಸಿಕೊಂಡರು. ಹಗಲು ಮನೆಯಲ್ಲಿ ಇನ್ನಾರೂ ಇರುತ್ತಿರಲಿಲ್ಲ. ನಮ್ಮವರು ಫೆಲ್ಥಮ್ ಬದಿಯ ಕಾರ್ಗೋ ಶೆಡ್ಡಿನಲ್ಲಿ, ಮಗಳು ಅನಘ ಶಾಲೆಯಲ್ಲಿ, ನಾನು ಕೌನ್ಸಿಲ್ ಕಚೇರಿಯಲ್ಲಿ ಪಾರ್ಕಿಂಗ್ ಪರ್ಮಿಟ್ ಸಿಗದವರ ಬೈಗುಳವನ್ನು ಹೆಡ್‌ಫೋನಿನಲ್ಲಿ ಕೇಳುತ್ತಾ. ಅತ್ತೆಗೆ ಇಂಗ್ಲಿಷ್ ಬಾರದು. ಬಾರದಿದ್ದರೇನಂತೆ? ರಾತ್ರಿಯಿಡೀ ಬಯಲಾಟ ನೋಡಿ ಬೆಳೆದ ಕಣ್ಣು ಅವರದು. ವೇಷ ರಂಗಕ್ಕೆ ಬರುವ ರೀತಿ ನೋಡಿಯೇ ಅದರ ಜಾತಕ ಹೇಳಬಲ್ಲರು.

ಒಂದು ಸಂಜೆ ನಾನು ಮನೆಗೆ ಬಂದಾಗ ಅತ್ತೆಯ ಮುಖ ಬಾಡಿತ್ತು. ಊರಿನಿಂದ ಏನಾದರೂ ಸುದ್ದಿ ಬಂತೋ ಎಂದು ಗಾಬರಿಯಾಯಿತು.

"ಸುಮಾ, ಟಿವಿಯಂಗೆ ಒಂದ್ ಹೆಂಗ್ಸ್ ಇತ್ತ್. ಬೆಳಿಗ್ಗೆಯಿಂದ ಚಾ ಹೊತ್ತ್ ಹೊತ್ತ್ ಸಾಯ್ತ್. ಒಬ್ರಾರೂ ಅದಕ್ಕೆ ಕೂಕಣಿ ಅಂದ್ ಹೇಳುದಿಲ್ಲ ಮಾರಾಯ್ತಿ!"

ಕೂಕಣಿ ಎಂದರೆ ಕೂತುಕೊಳ್ಳಿ. ಅತ್ತೆಯ ಊರಿನಲ್ಲಿ ಮನೆಗೆ ಬಂದ ಯಾರಿಗೇ ಆಗಲಿ ಮೊದಲು ಹೇಳುವ ಮಾತು ಅದು. ಸಾಲ ಕೇಳಲು ಬಂದವನಿಗೂ, ಜಗಳಕ್ಕೆ ಬಂದವನಿಗೂ. ಆ ಶನಿವಾರ ನಾನೂ ಬೆಳಿಗ್ಗೆಯಿಂದ ಪಕ್ಕದಲ್ಲಿ ಕೂತು ನೋಡಿದೆ. ಅತ್ತೆ ಹೇಳಿದ್ದು ಅಕ್ಷರಶಃ ನಿಜ. ನಮ್ಮ ಮಧ್ಯಾಹ್ನದ ಚಾನೆಲ್‌ಗಳಲ್ಲಿ ಬರುವುದೆಲ್ಲ ಹಳೆಯ ಮಾಲು. ಯಾವ ಕಾಲದ್ದು ಯಾವಾಗ ಬರುತ್ತದೆಂದು ಹೇಳುವಂತಿಲ್ಲ. ಹಾಗಾಗಿ ಆ ಹೆಂಗಸು ಊಟದ ಹೊತ್ತಿಗೆ ಮೂವತ್ತರ ಹರೆಯದ ದಾಸಿ, ಕಾಫಿ ಹೊತ್ತಿಗೆ ಎಪ್ಪತ್ತರ ಮುದುಕಿ, ದೀಪ ಹಚ್ಚುವ ಹೊತ್ತಿಗೆ ಮತ್ತೆ ಐವತ್ತರ ನರ್ಸ್. ಕಪ್ಪು ಕೂದಲು ಬೆಳ್ಳಗಾಗಿ ಮತ್ತೆ ಬೂದುಬಣ್ಣಕ್ಕೆ ತಿರುಗುತ್ತಿತ್ತು. ಕೈಯಲ್ಲಿನ ಟ್ರೇ ಮಾತ್ರ ಬದಲಾಗಲಿಲ್ಲ. ಅತ್ತೆ ಅವಳಿಗೆ ಅಂದೇ ಹೆಸರಿಟ್ಟರು, ಹರಿವಾಣದಮ್ಮ.

ಅನಘ ಫೋನಿನಲ್ಲಿ ಹುಡುಕಿ ನಿಜ ಹೆಸರು ಕಂಡುಹಿಡಿದಳು. ವಿನಿಫ್ರೆಡ್ ಟ್ಯಾಪ್ಸ್ಲಿ. "ಅಜ್ಜಿ, ಶೀ ಇಸ್ ಇನ್ ಎವ್ರಿಥಿಂಗ್!" ಎಂದು ಕಿರುಚಿದಳು. ಅಜ್ಜಿಯ ಕನ್ನಡಕ್ಕೆ ಮೊಮ್ಮಗಳ ಉತ್ತರ ಯಾವಾಗಲೂ ಇಂಗ್ಲಿಷಿನಲ್ಲಿ. ಇಬ್ಬರಿಗೂ ಅದು ಗಮನಕ್ಕೇ ಬರುವುದಿಲ್ಲ. ಪಾತ್ರಗಳ ಪಟ್ಟಿಯನ್ನು ಅವಳು ಬೆರಳಿನಿಂದ ಮೇಲೆ ತಳ್ಳಿದಷ್ಟೂ ಅದು ಬರುತ್ತಲೇ ಇತ್ತು. ಎರಡನೇ ನರ್ಸ್. ನೆರೆಮನೆಯಾಕೆ. ಪಾದ್ರಿಯ ಅಕ್ಕ. ಬಸ್ಸಿನಲ್ಲಿನ ಹೆಂಗಸು. ಬಾಡಿಗೆ ಮನೆಯ ಒಡತಿ. ಶವವನ್ನು ಮೊದಲು ನೋಡುವಾಕೆ. ಅರ್ಧ ಶತಮಾನ ದುಡಿದು ಎರಡನೇ ನರ್ಸ್ ಮೊದಲನೇ ನರ್ಸ್ ಆಗಿದ್ದಳು. ನಮ್ಮ ಕೌನ್ಸಿಲ್‌ನಲ್ಲೂ ಬಡ್ತಿ ಇದಕ್ಕಿಂತ ಬೇಗ ಸಿಗುತ್ತದೆ ಎಂದು ನಾನು ನಮ್ಮ ಮ್ಯಾನೇಜರ್ ಬಗ್ಗೆ ಮೊದಲ ಬಾರಿ ಒಳ್ಳೆಯ ಮಾತಾಡಿದೆ.

ಇಲ್ಲಿ ನಾನು ಸ್ವಲ್ಪ ಪಾಂಡಿತ್ಯ ತೋರಿಸದೆ ಬಿಡುವುದಿಲ್ಲ. ಮೈಸೂರಿನವರಿಗೆ ಅದು ಅಜೀರ್ಣದ ಹಾಗೆ, ಆಗಾಗ ಹೊರಗೆ ಬರಬೇಕು. ನಮ್ಮ ಹಳೆಯ ಸಂಸ್ಕೃತ ನಾಟಕಗಳಲ್ಲಿ ಕಂಚುಕಿ ಅಂತ ಒಬ್ಬ ಬರುತ್ತಾನೆ. ಅಂತಃಪುರದ ಮುದಿ ಸೇವಕ. ಬಂದವನೇ ತನ್ನ ಮುಪ್ಪನ್ನು ಹಳಿದುಕೊಂಡು, ಮಹಾರಾಜರಿಗೆ ಜಯವಾಗಲಿ ಎಂದು, ಸುದ್ದಿ ಹೇಳಿ ಹೊರಡುತ್ತಾನೆ. ನಾಟಕ ಎಷ್ಟೇ ಅಂಕದ್ದಿರಲಿ, ಕಂಚುಕಿ ಕೂತದ್ದನ್ನು ನಾನು ಓದಿಲ್ಲ. ದಾಸಿ ಚೇಟಿಯದೂ ಅದೇ ಪಾಡು. ನಾಯಕಿ ತಾವರೆ ಎಲೆಯ ಮೇಲೆ ಮಲಗಿ ವಿರಹಪಡುತ್ತಿದ್ದರೆ ಬೀಸಣಿಗೆ ಬೀಸಿ ಬೀಸಿ ಕೈ ಸೋತದ್ದು ಚೇಟಿಗೆ. ಅದರ ಮೇಲೆ ಶ್ಲೋಕ ಕಟ್ಟಿದವರಿಲ್ಲ. ನಾನು ಇದನ್ನೆಲ್ಲ ಅತ್ತೆಗೆ ವಿವರಿಸಿದೆ. ಅವರು ಅಕ್ಕಿ ಆರಿಸುತ್ತಾ, "ನಮ್ಮ ಅಣ್ಣಯ್ಯ ಮೇಳದಂಗೆ ಬದುಕಿಡೀ ದೂತನ ವೇಷ ಮಾಡ್ದ. ಬಂದ, ಹೇಳ್ದ, ಹ್ವಾದ. ಮನೆಗ್ ಬಂದ್ರೂ ಕೂಕಂಬುಕೆ ಗೊತ್ತಿರ್ಲಿಲ್ಲ ಅವ್ನಿಗೆ," ಎಂದರು. ನನ್ನ ಪಾಂಡಿತ್ಯ ಅಲ್ಲಿಗೆ ಮುಗಿಯಿತು.

ಆದರೆ ಹರಿವಾಣದಮ್ಮನ ಕಲೆಯನ್ನು ನನಗೆ ತೋರಿಸಿಕೊಟ್ಟವರೂ ಅತ್ತೆಯೇ. ಸಿರಿವಂತರ ಮನೆಯಲ್ಲಿ ಅವಳು ಟ್ರೇ ಇಟ್ಟರೆ ಸದ್ದೇ ಇಲ್ಲ. ಜಿಪುಣ ಕರ್ನಲನ ಮನೆಯಲ್ಲಿ ಇಟ್ಟರೆ ಕಪ್ಪುಗಳು ಸ್ವಲ್ಪ ಗೊಣಗುತ್ತವೆ. ಹೊಸ ಸೊಸೆಗೆ ಕೊಡುವಾಗ ಸಕ್ಕರೆಯ ಬಟ್ಟಲನ್ನು ಹತ್ತಿರ ಸರಿಸುತ್ತಾಳೆ. ಇದೆಲ್ಲವನ್ನೂ ಗಮನಿಸಿ ಅತ್ತೆ ಒಂದು ಸೂತ್ರ ಕಂಡುಹಿಡಿದರು. "ಚಾ ಕೊಡುವಾಗ ಅವ್ಳ್ ಯಾರ ಮುಖ ಕಾಣುದಿಲ್ವೋ, ಅವ್ನೇ ಕೊಂದದ್ದ್." ನಂಬಿದರೆ ನಂಬಿ, ಬಿಟ್ಟರೆ ಬಿಡಿ, ಒಂದು ಪದ ಇಂಗ್ಲಿಷ್ ಬಾರದ ನಮ್ಮತ್ತೆ ಇನ್‌ಸ್ಪೆಕ್ಟರನಿಗಿಂತ ಅರ್ಧ ಗಂಟೆ ಮೊದಲೇ ಕೊಲೆಗಾರನನ್ನು ಹಿಡಿದು ಒಳಗೆ ಹೋಗಿ ಒಗ್ಗರಣೆ ಹಾಕಿ ಬರುತ್ತಿದ್ದರು. ನಮ್ಮ ಮನೆಯಲ್ಲಿ ಸಂಜೆಗಳು ಜಾತ್ರೆಯಾದವು. ಬಾಗಿಲು ತೆರೆದು ಟ್ರೇ ಕಂಡರೆ ಸಾಕು, ಮೂರು ತಲೆಮಾರು ಒಟ್ಟಿಗೆ ಕೂಗುತ್ತಿದ್ದೆವು, "ಕೂಕಣಿ!" ಗೋಡೆಯಾಚೆಯ ಪೋಲಿಷ್ ಸಂಸಾರ ಇದು ಯಾವುದೋ ಭಜನೆ ಎಂದುಕೊಂಡಿತ್ತು.

ಅವಳು ಕೂರಲಿಲ್ಲ. ಕೂರುವ ಹಂತಕ್ಕೆ ಬಂದದ್ದುಂಟು. ಸೆರಗು ಸರಿಮಾಡಿಕೊಳ್ಳುವ ಹಾಗೆ ಏಪ್ರನ್ ಸರಿಮಾಡಿಕೊಂಡು ಕುರ್ಚಿಯ ಕಡೆ ನೋಡುತ್ತಿದ್ದಳು. ಅಷ್ಟರಲ್ಲಿ ಟ್ರಿಣ್ ಎಂದು ಗಂಟೆ. ಪೊಲೀಸರು ಬಂದರು, ಹೋಗು ಬಾಗಿಲು ತೆಗೆ. ಒಂದೇ ಒಂದು ಬಾರಿ, ಮಳೆ ಹಿಡಿದ ಒಂದು ಸೋಮವಾರ, ಅವಳು ಕೂತಿದ್ದನ್ನು ಕಂಡೆವು. ಹಳ್ಳಿಮನೆಯೊಂದರ ಕಿಟಕಿಯ ಪಕ್ಕ, ದೊಡ್ಡ ಆರಾಮಕುರ್ಚಿಯಲ್ಲಿ. ಅತ್ತೆ ಸಂತೋಷದಿಂದ ನನ್ನ ತೊಡೆಗೆ ಗುದ್ದಿದರು. ಕ್ಯಾಮರಾ ನಿಧಾನವಾಗಿ ಮುಂದೆ ಹೋಯಿತು. ಅವಳು ಸತ್ತಿದ್ದಳು.

ಆ ರಾತ್ರಿ ಅತ್ತೆ ಊಟ ಮಾಡಲಿಲ್ಲ. ಇದು ಬರೀ ವೇಷ ಎಂದು ಅವರಿಗೆ ನನಗಿಂತ ಚೆನ್ನಾಗಿ ಗೊತ್ತು. ಆದರೂ, ಜೀವವಿದ್ದಾಗ ಕೂರಿಸದೆ ಸತ್ತ ಮೇಲೆ ಕೂರಿಸಿದರಲ್ಲ ಎಂಬ ಸಂಕಟ ಅವರನ್ನು ಬಿಡಲಿಲ್ಲ. ಮರುದಿನ ಮಧ್ಯಾಹ್ನ ಇನ್ನೊಂದು ಚಾನೆಲ್‌ನಲ್ಲಿ ಹರಿವಾಣದಮ್ಮ ನಲವತ್ತು ವರ್ಷ ಚಿಕ್ಕವಳಾಗಿ, ಟ್ರೇ ಹಿಡಿದು, ಗಟ್ಟಿಮುಟ್ಟಾಗಿ ನಡೆದು ಬಂದ ಮೇಲೆಯೇ ಅವರ ಗಂಟಲಲ್ಲಿ ಗಂಜಿ ಇಳಿದದ್ದು. ಅಂದು ಅವರು ಶಪಥ ಮಾಡಿದರು. ಊರಿಗೆ ಹೋಗುವುದರೊಳಗೆ ಆ ಹೆಂಗಸನ್ನು ಒಂದು ಸಲ ಕೂರಿಸಿ, ಎಲೆ ಹಾಕಿ, ಉಣ್ಣಿಸಬೇಕು. ನಾನು ಸಮಾಧಾನಕ್ಕೆ "ಆಯ್ತು ಅತ್ತೆ" ಎಂದೆ. ಒಂದು ಕೋಟಿ ಜನ ಇರುವ ಊರಲ್ಲಿ ಟಿವಿಯೊಳಗಿನ ಹೆಂಗಸನ್ನು ಎಲ್ಲಿಂದ ಹಿಡಿದು ತರುವುದು!

ದೇವರಿಗೆ ನಮ್ಮತ್ತೆಯ ಪರಿಚಯ ಮೊದಲಿನಿಂದಲೂ ಇತ್ತೆಂದು ಕಾಣುತ್ತದೆ. ಆಗಸ್ಟಿನಲ್ಲಿ ನಮ್ಮ ಹತ್ತಿರದ ಲೈಬ್ರರಿಯ ಬಾಗಿಲಿಗೆ ಒಂದು ಕಾಗದ ಅಂಟಿಸಿದ್ದರು. ಇಲ್ಲಿಯೇ ವಾಸವಿರುವ ಹಿರಿಯ ನಟಿ ತಮ್ಮ ಬದುಕಿನ ಬಗ್ಗೆ ಮಾತಾಡುತ್ತಾರೆ, ನಂತರ ಚಹಾ ಇದೆ. ಫೋಟೋ ನೋಡಿದರೆ ಹರಿವಾಣದಮ್ಮ. ಅವಳು ನಮ್ಮಿಂದ ಎರಡು ಬಸ್ ಸ್ಟಾಪ್ ಆಚೆ ಇದ್ದಳು! ನಾನು ಫೋನಿನಲ್ಲಿ ಎಷ್ಟೋ ಸಲ ಅವಳಿಗೇ ಪಾರ್ಕಿಂಗ್ ಪರ್ಮಿಟ್ ಇಲ್ಲ ಎಂದಿರಲೂಬಹುದು.

ಅತ್ತೆ ಆ ದಿನ ರೇಷ್ಮೆ ಸೀರೆ ಉಟ್ಟು ಹೊರಟರು. ಲೈಬ್ರರಿಯಲ್ಲಿ ಇದ್ದವರು ಬೆರಳೆಣಿಕೆಯ ಪಿಂಚಣಿದಾರರು. ಹರಿವಾಣದಮ್ಮ ಪರದೆಯ ಮೇಲೆ ಕಂಡದ್ದಕ್ಕಿಂತ ಗಿಡ್ಡ, ಕಿವಿಯಲ್ಲಿ ಯಂತ್ರ, ಕಾಲಲ್ಲಿ ಗಿಳಿಹಸಿರು ಬೂಟು. ನಗುವೋ, ಪುಸ್ತಕದ ಕಪಾಟುಗಳು ಅಲುಗಾಡಬೇಕು. ಲೈಬ್ರರಿಯ ಹುಡುಗಿ ಕುರ್ಚಿ ತೋರಿಸಿದರೆ, "ಬೇಡಮ್ಮ, ಕೂತರೆ ನನಗೆ ಮಾತು ಮರೆತುಹೋಗುತ್ತದೆ," ಎಂದು ನಿಂತೇ ಇದ್ದಳು. ಅತ್ತೆ ನನ್ನ ಕಡೆ ನೋಡಿ ಹಣೆ ಚಚ್ಚಿಕೊಂಡರು. ಮಾತು ಮುಗಿದದ್ದೇ ತಡ, ಅಭ್ಯಾಸಬಲ, ಹರಿವಾಣದಮ್ಮ ನೇರವಾಗಿ ಚಹಾದ ಮೇಜಿನ ಹಿಂದೆ ಹೋಗಿ ನಿಂತು ಎಲ್ಲರಿಗೂ ಕಪ್ಪು ಜೋಡಿಸತೊಡಗಿದಳು. ತನ್ನ ಸನ್ಮಾನದ ಚಹಾವನ್ನು ತಾನೇ ಹಂಚುವುದು! ಅತ್ತೆಗೆ ಇನ್ನು ತಡೆಯಲಾಗಲಿಲ್ಲ. ಒಂದು ಕುರ್ಚಿ ಎಳೆದುಕೊಂಡು ಹೋಗಿ ಅವಳ ಹಿಂದೆ ಇಟ್ಟು, "ಕೂಕಣಿ!" ಎಂದರು.

ಹರಿವಾಣದಮ್ಮ ಈ ರೇಷ್ಮೆ ಸೀರೆಯ ಹಿರಿಯರು ಸುಸ್ತಾಗಿದ್ದಾರೆಂದು ತಿಳಿದು ಕುರ್ಚಿಯನ್ನು ಅತ್ತೆಯ ಕಡೆಗೇ ತಿರುಗಿಸಿದಳು. ಅತ್ತೆ ಮತ್ತೆ ಅವಳ ಕಡೆಗೆ ತಿರುಗಿಸಿದರು. ಅವಳು ಇತ್ತ, ಇವರು ಅತ್ತ. ಇಬ್ಬರೂ ಮುಗುಳ್ನಗುತ್ತಲೇ, ಆದರೆ ಕೈಗೆ ಪೂರ್ತಿ ಬಲ ಕೊಟ್ಟು. ಕೊನೆಗೆ ಕೋಲೂರಿಕೊಂಡು ಬಂದ ಒಬ್ಬ ಮುದುಕಪ್ಪ ಥ್ಯಾಂಕ್ಯೂ ಎಂದು ಆ ಕುರ್ಚಿಯಲ್ಲಿ ಕೂತುಬಿಟ್ಟ.

ನಾನು ಅತ್ತೆಯ ಪರವಾಗಿ ಮಾತಾಡಿದೆ. ಸೆಪ್ಟೆಂಬರಿನಲ್ಲಿ ಅತ್ತೆ ಊರಿಗೆ ಹೊರಡುತ್ತಾರೆ, ಅದಕ್ಕೆ ಮುಂಚೆ ಇಲ್ಲಿನ ಕನ್ನಡದವರಿಗೆಲ್ಲ ಒಂದು ಊಟ ಹಾಕುತ್ತಿದ್ದೇವೆ, ನೀವು ಬರಬೇಕು ಎಂದೆ.

"ಯಾವ ಪಾತ್ರದಲ್ಲಿ?" ಎಂದು ಕೇಳಿದಳು.

"ಅತಿಥಿಯಾಗಿ."

ಅವಳು ಸ್ವಲ್ಪ ಯೋಚಿಸಿ, "ಅದೊಂದನ್ನು ನಾನು ಮಾಡೇ ಇಲ್ಲ. ರಿಹರ್ಸಲ್ ಇದೆಯೇ?" ಎಂದಳು.

ಊಟದ ಸಿದ್ಧತೆಯಲ್ಲಿ ಮೊದಲ ಜಗಳವಾದದ್ದು ಬಫೆಯ ಬಗ್ಗೆ. ಲಂಡನ್ನಿನ ನಮ್ಮ ಎಲ್ಲ ಕೂಟಗಳಲ್ಲೂ ಕಾಗದದ ತಟ್ಟೆ ಹಿಡಿದು ಸಾಲಿನಲ್ಲಿ ನಿಲ್ಲುವುದೇ ಪದ್ಧತಿ. ಅತ್ತೆ ಅದನ್ನು ಕೇಳಿಯೇ ಕಿವಿ ಮುಚ್ಚಿಕೊಂಡರು. "ಕೂಕಣಿ ಅಂದ್ ಕರ್ದ್, ಬಂದವ್ರನ್ನ ನಿಲ್ಸುದಾ?" ಪಂಕ್ತಿಯೇ ಆಗಬೇಕು, ಎಲೆಯೇ ಹಾಕಬೇಕು. ಟೂಟಿಂಗಿನ ಹೋಟೆಲೊಂದರಲ್ಲಿ ಅಡುಗೆ ಮಾಡುವ ನಮ್ಮ ಸುಧಾಕರಣ್ಣ ಬಾಳೆಎಲೆಯ ಕಟ್ಟು, ಹಂಡೆ, ಸೌಟುಗಳನ್ನೆಲ್ಲ ವ್ಯಾನಿಗೆ ಹಾಕಿಕೊಂಡು ಬಂದರು. ಚರ್ಚಿನ ಪಕ್ಕದ ಸಭಾಭವನವನ್ನು ನಾಲ್ಕು ಗಂಟೆಯವರೆಗೆ ಬಾಡಿಗೆಗೆ ಹಿಡಿದಿದ್ದೆವು. ನಾಲ್ಕಕ್ಕೆ ಕೇರ್‌ಟೇಕರ್ ಡೆರೆಕ್ ಬೀಗ ಹಾಕುತ್ತಾನೆ. ಒಂದು ನಿಮಿಷ ಆಚೆ ಈಚೆ ಇಲ್ಲ ಎಂದು ಅವನು ಮೊದಲೇ ಎಚ್ಚರಿಸಿದ್ದ.

ಪಂಕ್ತಿ ಊಟದ ಕಟ್ಟಳೆ ನಿಮಗೆ ಗೊತ್ತೇ ಇದೆ. ಅತಿಥಿ ಉಣ್ಣುವ ತನಕ ಮನೆಯ ಯಜಮಾನತಿ ಉಣ್ಣುವಂತಿಲ್ಲ. ಬಡಿಸುವವರು ಎಲ್ಲರದೂ ಆದ ಮೇಲೆ ಕೊನೆಯ ಪಂಕ್ತಿಗೆ. ಆ ಪಂಕ್ತಿಗೆ ಯಾವಾಗಲೂ ಪಾಯಸದಲ್ಲಿ ದ್ರಾಕ್ಷಿ ಗೋಡಂಬಿ ಮುಗಿದಿರುತ್ತದೆ. ನಮ್ಮಮ್ಮ ಮೈಸೂರಿನಲ್ಲಿ ಬದುಕಿಡೀ ಆ ಪಂಕ್ತಿಯವಳು. ನಾನು ಇಲ್ಲಿಗೆ ಬಂದು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದ್ದೇನೆ. ಅಡುಗೆಮನೆಯ ಕಟ್ಟೆಗೆ ಒರಗಿ, ನಿಂತೇ, ಪಾತ್ರೆಯಿಂದಲೇ ತಿಂದು ಮುಗಿಸುತ್ತೇನೆ. ತಟ್ಟೆ ತೊಳೆಯುವುದು ಉಳಿಯುತ್ತದೆ ಎಂಬುದು ನನ್ನ ಸಮರ್ಥನೆ.

ಹರಿವಾಣದಮ್ಮ ಹೂವಿನ ಟೋಪಿ ಇಟ್ಟುಕೊಂಡು, ಅದೇ ಗಿಳಿಹಸಿರು ಬೂಟಿನಲ್ಲಿ, ಹೇಳಿದ ಹೊತ್ತಿಗೆ ಸರಿಯಾಗಿ ಬಂದಳು. ಅತ್ತೆ ಬಾಗಿಲಿನಲ್ಲೇ ಕೈಹಿಡಿದು ಕರೆತಂದು ಮೊದಲ ಪಂಕ್ತಿಯ ಮೊದಲ ಎಲೆಯ ಮುಂದೆ ನಿಲ್ಲಿಸಿ, "ಕೂಕಣಿ," ಎಂದರು. ಅವಳು ಕೂತಳು. ನಿಜವಾಗಿ ಕೂತಳು! ಉಪ್ಪು ಬಂತು, ಉಪ್ಪಿನಕಾಯಿ ಬಂತು, ಕೋಸಂಬರಿ ಬಂತು. ಅತ್ತೆ ದೂರದಿಂದ ನೋಡುತ್ತಾ, ಮಗಳ ಮದುವೆಯ ದಿನದಂತೆ ಸೆರಗಿನಿಂದ ಕಣ್ಣೊರೆಸಿಕೊಂಡರು. ಅಷ್ಟೇ ಆಗಿ ಮುಗಿದಿದ್ದರೆ ನಾನು ಇದನ್ನು ಬರೆಯುತ್ತಲೇ ಇರಲಿಲ್ಲ.

ಬಡಿಸಲು ಬರುತ್ತೇವೆಂದಿದ್ದ ಬೆಂಗಳೂರಿನ ಮೂವರು ಐಟಿ ಹುಡುಗರು ಬರಲಿಲ್ಲ. ಭಾನುವಾರದ ರಿಪೇರಿಗೆಂದು ಟ್ಯೂಬ್ ರೈಲು ನಿಲ್ಲಿಸಿದ್ದರು, ಅವರು ಎಲ್ಲೋ ಬದಲಿ ಬಸ್ಸಿನಲ್ಲಿ ಲಂಡನ್ ದರ್ಶನ ಮಾಡುತ್ತಿದ್ದರು. ಹಾಗಾಗಿ ಅಷ್ಟೂ ಜನಕ್ಕೆ ಬಡಿಸಲು ನಮ್ಮವರು, ಸುಧಾಕರಣ್ಣ ಮತ್ತು ನಾನು. ಅನ್ನ ಒಂದು ತುದಿ ಮುಟ್ಟುವಷ್ಟರಲ್ಲಿ ಇನ್ನೊಂದು ತುದಿಯಲ್ಲಿ ಅನ್ನ ಆರುತ್ತಿತ್ತು. ಯಾರೋ ಗಟ್ಟಿಯಾಗಿ, "ಸಾರು ಬರ್ಲಿ! ಇಲ್ಲಿ ಸಾರು!" ಎಂದು ಕೂಗಿದರು. ಕನ್ನಡವಾದರೇನು, ಚಾಕರಿಗೆ ಕರೆಯುವ ದನಿ ಎಲ್ಲ ಭಾಷೆಯಲ್ಲೂ ಒಂದೇ. ಹರಿವಾಣದಮ್ಮ ಸ್ಪ್ರಿಂಗಿನಂತೆ ಎದ್ದಳು. ಟೋಪಿ ತೆಗೆದು ಕುರ್ಚಿಯ ಮೇಲಿಟ್ಟು, ನಮ್ಮವರ ಕೈಯಿಂದ ಸಾರಿನ ಬಕೆಟ್ಟನ್ನೂ ಸೌಟನ್ನೂ ಕಸಿದುಕೊಂಡಳು.

ಈ ದೇಶದ ಅತ್ಯಂತ ಅನುಭವಿ ಪರಿಚಾರಿಕೆ ನಮಗೆ ಸಾರು ಬಡಿಸಲಿದ್ದಾಳೆ! ಫೋನುಗಳು ಮೇಲೆದ್ದವು. ಅವಳು ಮೊದಲ ಎಲೆಗೆ ಬಾಗಿದಳು. ಸೌಟು ಅನ್ನದ ಗುಂಡಿಗೆ ಬಿದ್ದಿದ್ದರೆ ಚೆನ್ನಾಗಿತ್ತು. ಅದು ಎಲೆ ದಾಟಿ, ಮೇಜು ದಾಟಿ, ಉಡುಪಿಯ ಭಟ್ಟರ ಹೊಸ ಪಂಚೆಯ ಮೇಲೆ ಇಳಿಯಿತು. ಎರಡನೆಯದು ಹಪ್ಪಳದ ಮೇಲೆ. ಮೂರನೆಯದು ಯಾರ ಕಡೆ ಹೊರಟಿತ್ತೋ, ಬಂದದ್ದು ನನ್ನ ತೋಳಿಗೆ. ಭಟ್ಟರು ಹೌಹಾರಿ ಎದ್ದು ನಿಂತು, ಆಮೇಲೆ ಬಡಿಸಿದ್ದು ಯಾರೆಂದು ನೆನಪಾಗಿ, ಆ ಪಂಚೆಯನ್ನು ಇನ್ನು ಒಗೆಯುವುದಿಲ್ಲ ಎಂದು ಘೋಷಿಸಿದರು.

ಹರಿವಾಣದಮ್ಮ ಬಕೆಟ್ ಹಿಡಿದೇ ನಗಲು ಶುರುಮಾಡಿದಳು. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು. "ಇದರಲ್ಲಿ ನಿಜವಾಗಿ ಏನೋ ಇದೆ!" ಎಂದಳು. "ಇಷ್ಟು ವರ್ಷದಲ್ಲಿ ನನ್ನ ಕಪ್ಪುಗಳಲ್ಲಿ ಒಂದು ಹನಿ ಇರುತ್ತಿರಲಿಲ್ಲ. ತುಂಬಿದ್ದರೆ ತುಳುಕುತ್ತದೆ, ಸದ್ದಾಗುತ್ತದೆ, ನಾಯಕಿಯ ಬಟ್ಟೆ ಹಾಳಾಗುತ್ತದೆ. ದೊಡ್ಡ ದೊಡ್ಡ ಲಾರ್ಡುಗಳಿಗೆಲ್ಲ ನಾನು ಕುಡಿಸಿದ್ದು ಬರೀ ಗಾಳಿ."

ಇದನ್ನು ಅತ್ತೆಗೆ ಕನ್ನಡದಲ್ಲಿ ಹೇಳಿದಾಗ ಅವರು ಎದೆಯ ಮೇಲೆ ಕೈಯಿಟ್ಟುಕೊಂಡರು. "ಖಾಲಿ ಕಪ್ಪಾ? ಕೂರ್ಸ್ಲೂ ಇಲ್ಲ, ಕೊಡ್ಲೂ ಇಲ್ಲ!" ಇಡೀ ರಾಷ್ಟ್ರವೇ ಸೇರಿ ಒಬ್ಬ ಹೆಂಗಸಿಗೆ ಮೋಸ ಮಾಡಿದೆ ಎಂಬ ತೀರ್ಮಾನಕ್ಕೆ ಅವರು ಬಂದರು. ಆದರೆ ಹಿಡಿದ ಕೆಲಸವನ್ನು ಬಿಡಿಸಿಕೊಳ್ಳುವುದು ಅವಮಾನವಲ್ಲವೇ? ಅದಕ್ಕೆ ಅವಳ ಪಕ್ಕ ನಿಂತು ಬಡಿಸುವುದನ್ನು ಕಲಿಸಿದರು. ಬಕೆಟ್ಟನ್ನು ಮೊಣಕಾಲಿಗೆ ತಾಗಿಸಿ ಹಿಡಿ, ಸೌಟನ್ನು ಎಲೆಯ ಹತ್ತಿರ ಇಳಿಸು, ಆಮೇಲೆ ಬಗ್ಗಿಸು. ಒಬ್ಬರದು ಕುಂದಾಪುರದ ಕನ್ನಡ, ಇನ್ನೊಬ್ಬರದು ಇಂಗ್ಲಿಷ್. ನಡುವೆ ನಾನು ಬೇಕಾಗಲೇ ಇಲ್ಲ. ಎರಡನೇ ಪಂಕ್ತಿಯ ಹೊತ್ತಿಗೆ ಅವಳು ಹುಳಿ ಬಡಿಸುತ್ತಿದ್ದಳು, ಮೂರನೆಯದಕ್ಕೆ ಮಜ್ಜಿಗೆ. ಮಜ್ಜಿಗೆ ತೆಳ್ಳಗಿರುತ್ತದೆ, ಅದಕ್ಕೆ ಕೈ ಪಳಗಿರಬೇಕು. ಊಟವಾಗಿ ಕೈತೊಳೆದವರೂ ಮತ್ತೆ ಬಂದು ಅವಳ ಕೈಯಿಂದ ಬಡಿಸಿಕೊಂಡರು.

ಮೊದಲ ಪಂಕ್ತಿಯ ಮೊದಲ ಎಲೆ ಮಾತ್ರ ಹಾಗೇ ಇತ್ತು, ಉಪ್ಪು, ಉಪ್ಪಿನಕಾಯಿ, ಕೋಸಂಬರಿಯ ಸಮೇತ. ಎಲೆ ಎತ್ತಲು ಬಂದ ಸುಧಾಕರಣ್ಣನನ್ನು ಅತ್ತೆ ಗದರಿಸಿ ಕಳಿಸಿದರು. ತಾವೂ ನೀರು ಬಿಟ್ಟು ಏನನ್ನೂ ಮುಟ್ಟಿರಲಿಲ್ಲ. ಅತಿಥಿ ಉಂಡಿಲ್ಲವಲ್ಲ! ಗಡಿಯಾರ ನಾಲ್ಕರ ಕಡೆ ವಾಲುತ್ತಿತ್ತು. ಹೋಳಿಗೆಯ ಬುಟ್ಟಿಯ ತಳ ಕಾಣುತ್ತಿತ್ತು. ಇನ್ನು ಹತ್ತು ದಿನಕ್ಕೆ ಅತ್ತೆಯ ವಿಮಾನ. ಇಂದು ಆಗದಿದ್ದರೆ ಇನ್ನಾಗದು. ನಗು ಬರುತ್ತಿತ್ತು, ಅಳುವೂ ಬರುತ್ತಿತ್ತು, ತೋಳಿನ ಮೇಲಿನ ಸಾರು ಒಣಗಿ ಚುರುಗುಟ್ಟುತ್ತಿತ್ತು.

ಕೊನೆಯ ಪಂಕ್ತಿ ಹಾಕಿದೆವು. ಬಡಿಸಿದವರ ಪಂಕ್ತಿ. ಅತ್ತೆ ಹರಿವಾಣದಮ್ಮನ ಕೈಯಿಂದ ಬಕೆಟ್ ತೆಗೆದು ನನ್ನ ಕೈಗೆ ಕೊಟ್ಟು, ಅವಳನ್ನು ಕಾದಿಟ್ಟ ಎಲೆಯ ಮುಂದೆ ಕರೆದುಕೊಂಡು ಹೋದರು. ಪಕ್ಕದಲ್ಲಿ ತಾವೂ ಕೂತರು. ಆಚೆ ನಮ್ಮವರು, ಸುಧಾಕರಣ್ಣ. ನಾನು ಬಡಿಸಿದೆ. ಅತ್ತೆ ಮಡಿಲಿನಿಂದ ಒಂದು ಸ್ಟೀಲಿನ ಡಬ್ಬಿ ತೆಗೆದರು. ಬೆಳಿಗ್ಗೆಯೇ ಬಚ್ಚಿಟ್ಟ ಹೋಳಿಗೆ! ಹರಿವಾಣದಮ್ಮ ಮೊದಲ ತುತ್ತಿಗೆ ಕೈ ಹಾಕಿದಳು, ಸರಿಯಾಗಿ ಅದೇ ಗಳಿಗೆಗೆ ಬಾಗಿಲು ಧಡಾರೆಂದು ತೆರೆಯಿತು. ಬೀಗದ ಕೈ ಗೊಂಚಲು ಕುಣಿಸುತ್ತಾ ಡೆರೆಕ್ ನಿಂತಿದ್ದ.

ಬಾಗಿಲು ತೆರೆದರೆ ಏಳಬೇಕು. ಅರ್ಧ ಶತಮಾನದ ಪಾಠ ಅದು. ಅವಳ ತೊಡೆಗಳು ಆಗಲೇ ಕುರ್ಚಿ ಬಿಟ್ಟಿದ್ದವು. ಅತ್ತೆ ತಲೆ ಎತ್ತಲಿಲ್ಲ. ಬಲಗೈಯಲ್ಲಿ ಅನ್ನ ಕಲೆಸುತ್ತಲೇ ಎಡಗೈಯನ್ನು ಅವಳ ಭುಜದ ಮೇಲಿಟ್ಟು ಒತ್ತಿದರು.

"ಕೂಕಣಿ."

ಅವಳು ಕೂತಳು.

ಅತ್ತೆ ಅದೇ ಎಡಗೈಯಿಂದ ಡೆರೆಕ್‌ಗೂ ಎದುರಿನ ಕುರ್ಚಿ ತೋರಿಸಿದರು. ಅವನು ಗಡಿಯಾರ ನೋಡಿದ, ಹೋಳಿಗೆ ನೋಡಿದ, ಬೀಗದ ಕೈಯನ್ನು ಜೇಬಿಗೆ ಹಾಕಿ ಕೂತ. ಅವನಿಗೂ ಎಲೆ ಹಾಕಿದೆ. ಹರಿವಾಣದಮ್ಮ ತುಪ್ಪ ಸವರಿದ ಹೋಳಿಗೆಯನ್ನು ಮುರಿದು ಮುರಿದು ತಿನ್ನುತ್ತಿದ್ದಳು. ನೂರಾರು ಮನೆಗಳ ಬಾಗಿಲಲ್ಲಿ ನಾನು ನೋಡಿದ ಮುಖ ಅದು. ಅಂದು ಅಲ್ಲಿ ಯಾವ ಪಾತ್ರವೂ ಇರಲಿಲ್ಲ, ಹಸಿದ ಒಬ್ಬ ಮುದುಕಿ ಇದ್ದಳು, ಅಷ್ಟೇ. ನನಗೆ ಅಳು ಬಂತು. ಮೆಣಸ್ಕಾಯಿ ಗೊಜ್ಜಿನ ಘಾಟು ಕಣ್ಣಿಗೆ ಹೊಡೆಯಿತು ಎಂದು ಸುಧಾಕರಣ್ಣನ ಮೇಲೆ ಹಾಕಿದೆ.

ಅತ್ತೆ ಊರಿಗೆ ಹೋದರು. ಮರುವರ್ಷದ ಕ್ರಿಸ್‌ಮಸ್ ದಿನ ಸಂಜೆ ನಾಲ್ಕಕ್ಕೇ ಕತ್ತಲಾಗಿ, ಮನೆಯವರೆಲ್ಲ ಟಿವಿ ಮುಂದೆ ಸೇರಿದ್ದರು. ಹೊಸ ಕಥೆ, ಅದೇ ಹಳೆಯ ಬಂಗಲೆ, ಅದೇ ಶವ. ಅನಘ "ಅಮ್ಮಾ, ಕಮ್, ಕ್ವಿಕ್!" ಎಂದು ಕಿರುಚಿದಳು. ನಾನು ಅಡುಗೆಮನೆಯಿಂದ ಓಡಿ ಬಂದು ಬಾಗಿಲಲ್ಲಿ ನಿಂತೆ. ಟ್ರೇ ಬಂತು. ಹರಿವಾಣದಮ್ಮ ಎಲ್ಲರಿಗೂ ಕಪ್ಪು ಕೊಟ್ಟಳು. ಹೊರಗೆ ಗಂಟೆ ಬಾರಿಸಿತು. ಅವಳು ಬಾಗಿಲ ಕಡೆ ನೋಡಿದಳು, ಸೋಫಾದ ಕಡೆ ನೋಡಿದಳು, ಏಪ್ರನ್ ಸರಿಮಾಡಿಕೊಂಡಳು. ಕೂತಳು. ತನಗೊಂದು ಕಪ್ಪು ಬಗ್ಗಿಸಿಕೊಂಡಳು. ಮನೆಯ ಯಜಮಾನನ ಪಾತ್ರಧಾರಿಯ ಹುಬ್ಬು ಮೇಲೆ ಹೋದದ್ದು ನಟನೆಯಲ್ಲ ಎಂದು ಇಂದಿಗೂ ಆಣೆ ಮಾಡಿ ಹೇಳುತ್ತೇನೆ. ಗಂಟೆ ಬಾರಿಸುತ್ತಲೇ ಇತ್ತು.

ಕುಂದಾಪುರದಲ್ಲಿ ಆಗ ರಾತ್ರಿಯ ಊಟವಾಗಿ ಅತ್ತೆ ಹಾಸಿಗೆ ಹಾಸುತ್ತಿದ್ದರು. ಫೋನಿನಲ್ಲಿ ಕಥೆಯೆಲ್ಲ ಒಂದೇ ಉಸಿರಿಗೆ ಹೇಳಿದೆ.

"ಕೂಕಂಡ್ಲಾ?"

"ಕೂತ್ರು ಅತ್ತೆ! ಯಾರೂ ಹೇಳ್ದೇನೇ ಕೂತ್ರು!"

"ಚಾ ಕುಡುದ್ಲಾ?"

"ಕುಡಿದ್ರು."

"ಖಾಲಿ ಕಪ್ಪಾ?"

"ಇಲ್ಲ ಅತ್ತೆ, ಹೊಗೆ ಏಳ್ತಿತ್ತು. ನಾನೇ ಕಣ್ಣಾರೆ ನೋಡ್ದೆ."

ಅತ್ತ ಕಡೆಯಿಂದ ಒಂದು ದೊಡ್ಡ ನಗು ಬಂತು. ನಾನೂ ನಕ್ಕೆ. ಇಬ್ಬರಿಗೂ ನಿಲ್ಲಿಸಲಾಗಲಿಲ್ಲ. ನಗು ಇಳಿದ ಮೇಲೆ ಅತ್ತೆ ಕೇಳಿದರು, "ನೀ ಉಂಡ್ಯಾ?"

ನಾನು ಫೋನನ್ನು ಕಿವಿಗೂ ಭುಜಕ್ಕೂ ನಡುವೆ ಸಿಕ್ಕಿಸಿಕೊಂಡು, ಅಡುಗೆಮನೆಯ ಕಟ್ಟೆಗೆ ಒರಗಿ, ಪಾತ್ರೆಯ ತಳದ ಬಿಸಿಬೇಳೆ ಬಾತನ್ನು ಚಮಚದಲ್ಲಿ ಕೆರೆಯುತ್ತಿದ್ದೆ. "ಉಣ್ತಾ ಇದೀನಿ ಅತ್ತೆ," ಎಂದೆ.

"ನಿತ್ಕಂಡಾ?"

ಐದು ಸಾವಿರ ಮೈಲಿ ಆಚೆಯಿಂದ ಹೇಗೆ ಕಂಡಿತೋ. "ಇಲ್ಲ, ಕೂತ್ಕೊಂಡೇ..." ಎಂದು ರಾಗ ಎಳೆದೆ.

"ವೇಷ ಕಟ್ಬೇಡ. ಕುರ್ಚಿ ಎಳಿ. ಸದ್ದ್ ನಂಗೆ ಇಲ್ಲಿಗ್ ಕೇಣ್ಕ್."

ಕುಂದಾಪುರಕ್ಕೆ ಕೇಳುವ ಹಾಗೆ ಕುರ್ಚಿ ಎಳೆದು, ತಟ್ಟೆ ತೆಗೆದುಕೊಂಡು, ನಾನು ಕೂತೆ.